ಅಪ್ಪ ಕಟ್ಟಿದ ಬ್ಯಾಂಡು

ತೊಂಬತ್ತರ ದಶಕದ ನಡುವಿನಲ್ಲಿ ನಾನು ದೋಹಾದ ಒಂದು ದೊಡ್ಡ ಹೋಟೆಲಿನಲ್ಲಿ ಟೆಲಿಫೋನ್ ಆಪರೇಟರ್ ಆಗಿದ್ದೆ. ಗಂಡನಿಗೆ ಒಂದು ಕಂಪನಿಯ ಸ್ಟೋರಿನಲ್ಲಿ ಕೆಲಸ. ಬಿನ್ ಮಹಮೂದ್ ಎಂಬ ಬಡಾವಣೆಯಲ್ಲಿ ಇನ್ನೊಂದು ಮಂಗಳೂರು ಸಂಸಾರದ ಜೊತೆ ಫ್ಲ್ಯಾಟ್ ಹಂಚಿಕೊಂಡಿದ್ದೆವು. ವೀಸಾ ನನ್ನದೂ ಅವರದೂ ಬೇರೆ ಬೇರೆ. ಒಬ್ಬರ ಕೆಲಸ ಹೋದರೂ ಮನೆ ನಡೆಯುವುದು ಕಷ್ಟವೇ.

ಆ ಚಳಿಗಾಲ ಹೋಟೆಲಿಗೆ ಬ್ರಿಟನ್ನಿನ ಒಂದು ಪಾಪ್ ಬ್ಯಾಂಡ್ ಬಂತು. ಮೂವರು ಹುಡುಗರು, ಹಾಡಲು ಒಬ್ಬ ಹುಡುಗಿ. ಯಾರಿಗೂ ಇಪ್ಪತ್ತು ತುಂಬಿರಲಿಲ್ಲ. ಅವರ ಮೊದಲ ಹಾಡು ಅಲ್ಲಿನ ರೇಡಿಯೋದಲ್ಲಿ ಚೆನ್ನಾಗಿ ಓಡಿತ್ತಂತೆ. ಎರಡನೆಯದನ್ನು ಯಾರೂ ಕೇಳಲಿಲ್ಲ, ಮೂರನೆಯದು ಹೊರಗೇ ಬರಲಿಲ್ಲ. ಹಾಗಾಗಿ ಗಲ್ಫಿನ ಹೋಟೆಲುಗಳಲ್ಲಿ, ಊಟ ಮಾಡುವವರ ಮುಂದೆ ಹಾಡುತ್ತಿದ್ದರು. ಬ್ಯಾಂಡಿನ ಮ್ಯಾನೇಜರ್ ಹುಡುಗಿಯ ಅಪ್ಪನೇ. ಅಮ್ಮ ಅವರಿಂದ ದೂರವಾಗಿ ಇಂಗ್ಲೆಂಡಿನಲ್ಲೇ ಇದ್ದಳು.

ಬಂದ ಕೆಲವೇ ದಿನಗಳಲ್ಲಿ ಹುಡುಗಿಯ ಗಂಟಲು ಕಟ್ಟಿತು. ಮಾತಾಡಲೇಬಾರದು ಎಂದು ಡಾಕ್ಟರ್ ಹೇಳಿದ್ದರು. ಅಪ್ಪ ಬಿಡಲಿಲ್ಲ. ನಿನ್ನ ಹಾಡಿನ ಟೇಪು ಹಾಕುತ್ತೇನೆ, ನೀನು ಸುಮ್ಮನೆ ಬಾಯಿ ಆಡಿಸು ಎಂದರು. ಅಂದು ಸಂಜೆ ಹಾಡಿನ ನಡುವೆ ಟೇಪು ಸಿಕ್ಕಿಕೊಂಡು, ಅವಳ ದನಿ ಎಳೆದೆಳೆದು ನಿಂತೇಹೋಯಿತು. ಮುಂದಿನ ಟೇಬಲಿನವರು ನಗತೊಡಗಿದರು. ಅವಳು ಮೈಕನ್ನು ನೆಲಕ್ಕಿಟ್ಟು ಇಳಿದು ಹೋದಳು.

ಮರುದಿನ ಮಧ್ಯಾಹ್ನ ರಿಸೆಪ್ಶನ್ ಹಿಂದಿನ ನನ್ನ ಕೋಣೆಗೆ ಬಂದಳು. ಅತ್ತು ಅತ್ತು ಕಣ್ಣು ಊದಿತ್ತು. "ಅಮ್ಮನಿಗೆ ಫೋನ್ ಮಾಡಬೇಕು" ಎಂದು ಪಿಸುಗುಟ್ಟಿದಳು. ಅವರ ರೂಮುಗಳಿಂದ ಹೊರಗೆ ಕಾಲ್ ಕೊಡಬಾರದೆಂದು ಅವಳಪ್ಪ ಮೊದಲೇ ಹೇಳಿಟ್ಟಿದ್ದರು. ನಾನು ಅತ್ತಿತ್ತ ನೋಡಿ ಲೈನು ಹಾಕಿಕೊಟ್ಟೆ.

ಆ ಕಡೆಯಿಂದ "ಹಲೋ, ಹಲೋ" ಎಂಬ ದನಿ. ಈ ಹುಡುಗಿ ಬಾಯಿ ತೆರೆದರೆ ಬರೀ ಗಾಳಿ. ಕೊನೆಗೆ ಒಂದು ಚೀಟಿಯಲ್ಲಿ 'ಮನೆಗೆ ಬರಬೇಕು' ಎಂದು ಬರೆದು ತೋರಿಸಿ, ರಿಸೀವರನ್ನು ನನ್ನ ಕೈಗೇ ಕೊಟ್ಟಳು.

"ಮೇಡಂ, ನಾನು ಹೋಟೆಲಿನ ಆಪರೇಟರ್. ನಿಮ್ಮ ಮಗಳು ನನ್ನ ಪಕ್ಕದಲ್ಲೇ ಇದ್ದಾಳೆ. ದನಿ ಹೋಗಿದೆ. ಮನೆಗೆ ಬರಬೇಕಂತೆ."

"ಏನಾದರೂ ತಿಂದಳಾ?" ಎಂದು ಕೇಳಿದಳು ಆ ತಾಯಿ. ಹುಡುಗಿ ಇಲ್ಲವೆಂದು ತಲೆಯಾಡಿಸಿದಳು. ನಾನು ಹಾಗೆಯೇ ಹೇಳಿದೆ.

"ತಿನ್ನಲು ಹೇಳಿ. ಟಿಕೆಟಿನ ಏರ್ಪಾಡು ನಾನು ಮಾಡುತ್ತೇನೆ."

ವಾರದೊಳಗೆ ಹುಡುಗಿ ಹೊರಟು ಹೋದಳು. ಹೋಗುವ ಮುನ್ನ ಬಂದು ನನ್ನ ಕೈಯನ್ನು ಒತ್ತಿ ಹಿಡಿದಳು, ಅಷ್ಟೇ. ಫೋನ್ ಹಾಕಿಕೊಟ್ಟವಳು ನಾನೆಂದು ತಿಳಿದು ಅವಳಪ್ಪ ಅವತ್ತೇ ನನ್ನ ಮೇಲೆ ಹಾರಾಡಿದರು. "ನಮ್ಮ ಮನೆಯ ವಿಷಯಕ್ಕೆ ಬರಲು ನೀನು ಯಾರು?"

"ಅವಳಿಗೆ ದನಿ ಇರಲಿಲ್ಲ ಸಾರ್."

"ಸಣ್ಣ ಮಗುವಾಗಿದ್ದಾಗಿನಿಂದ ನಾನೇ ಕಲಿಸಿದ್ದು! ಇನ್ನೊಂದು ಹಾಡು ಗೆದ್ದಿದ್ದರೆ ಸಾಕಿತ್ತು" ಎಂದವರು, ತಿರುಗಿ ಹೋಟೆಲಿನ ಮ್ಯಾನೇಜರರ ಕೋಣೆಯ ಕಡೆ ನಡೆದರು.

ದೂರು ಮೇಲಿನವರೆಗೆ ಹೋಯಿತು. ನನ್ನನ್ನು ಸ್ವಿಚ್‌ಬೋರ್ಡಿನಿಂದ ತೆಗೆದು ಲಾಂಡ್ರಿಯ ಕೌಂಟರಿಗೆ ಹಾಕಿದರು. "ನಿನಗ್ಯಾಕೆ ಬೇಕಿತ್ತು ಈ ಉಸಾಬರಿ? ವೀಸಾ ಕ್ಯಾನ್ಸಲ್ ಮಾಡಿದರೆ ಖಲಾಸ್" ಎಂದು ಗಂಡ ದಿನಾ ಬೈಯುತ್ತಿದ್ದರು. ಆ ಹೆದರಿಕೆ ನನಗೂ ಇತ್ತು.

ಬ್ಯಾಂಡು ಹೆಚ್ಚು ದಿನ ನಡೆಯಲಿಲ್ಲ. ಗಿಟಾರಿನ ಹುಡುಗ ಹಾಡಿ ನೋಡಿದ. ಒಂದು ಸಂಜೆ ಅವಳಪ್ಪನೇ ಕೋಟು ತೊಟ್ಟು ಹಾಡಿದರಂತೆ, ಯಾರೂ ಚಪ್ಪಾಳೆ ತಟ್ಟಲಿಲ್ಲವಂತೆ. ಹೋಟೆಲಿನವರು ಕಾರ್ಯಕ್ರಮ ನಿಲ್ಲಿಸಿದರು.

ಹೊರಡುವ ಬೆಳಿಗ್ಗೆ ವೇದಿಕೆಯ ಬಟ್ಟೆಗಳನ್ನು ಒಯ್ಯಲು ಅವಳಪ್ಪನೇ ಲಾಂಡ್ರಿಗೆ ಬಂದರು. ಹೊರಗೆ ಹುಡುಗರು ಶಾಲೆ ಬಿಟ್ಟವರ ಹಾಗೆ ನಗುತ್ತಾ ವ್ಯಾನಿಗೆ ಪೆಟ್ಟಿಗೆ ತುಂಬುತ್ತಿದ್ದರು. ಮಗಳ ಬೆಳ್ಳಿ ಬಣ್ಣದ ಉಡುಪೂ ಆ ಬಟ್ಟೆಗಳಲ್ಲಿತ್ತು. ಅವರು ಅದನ್ನು ಮಡಚಲು ಹೋದರು, ಸರಿಯಾಗಲಿಲ್ಲ. ನಾನು ತೆಗೆದುಕೊಂಡು ಮಡಚಿ ಕೊಟ್ಟೆ.

"ಅವತ್ತು ಫೋನಿನಲ್ಲಿ ಮಗಳು ನನ್ನ ಬಗ್ಗೆ ಏನಾದರೂ ಹೇಳಿಸಿದಳಾ?" ಎಂದು ಕೇಳಿದರು.

"ಇಲ್ಲ ಸಾರ್, ಏನೂ ಹೇಳಿಸಲಿಲ್ಲ" ಎಂದೆ. ನಿಜವೂ ಅದೇ.

ಡ್ರೈವರ್ "ಯಲ್ಲಾ, ಹೊರಡೋಣ" ಎಂದು ಕೂಗಿದ. ಅವರು ಬಟ್ಟೆಯ ಗಂಟನ್ನು ಎದೆಗೆ ಹಿಡಿದುಕೊಂಡು ಹೊರಗೆ ನಡೆದರು.