ನಗುವಿಗೆ ಕಾಯುತ್ತಿದ್ದ ಎದಲ್‌ಜಿ

ಬಟ್ಟೆ ವ್ಯಾಪಾರಿ ನಾನು, ಬಟ್ಟೆಯಂತೆ ಅಳೆದು ಹೇಳುವುದಾದರೆ ಎದಲ್‌ಜಿ ಘಡಿಯಾಳಿ ಉದ್ದ ಕಡಿಮೆ, ಅಗಲ ಜಾಸ್ತಿಯ ಸರಕು. ಮೊಣಕಾಲು ಸವೆದಿತ್ತು, ನೆತ್ತಿ ಬೋಳಾಗಿತ್ತು. ಒಳ್ಳೆಯ ದರ ಬರುತ್ತಿದ್ದುದು ದನಿಯೊಂದಕ್ಕೇ. ಗ್ರ್ಯಾಂಟ್ ರೋಡಿನ ನಾಟಕಶಾಲೆಯಲ್ಲಿ ಕಿವುಡ ಹಕೀಮನಾಗಿ ಅವನು ಬಾಯಿ ತೆರೆದರೆ ಪಾರ್ಸಿ, ಬೋಹ್ರಾ, ಭಾಟಿಯಾ ಎನ್ನದೆ ಎಲ್ಲರೂ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. "ವನ್ಸ್‌ಮೋರ್!" ಎಂದು ಜನ ಕೂಗಿದರೆ ಸತ್ತುಬಿದ್ದ ಹಕೀಮನೂ ಎದ್ದು, ಟೋಪಿ ಸರಿಮಾಡಿಕೊಂಡು ಇನ್ನೊಮ್ಮೆ ಸಾಯಬೇಕು. ಕಂಪನಿಯ ಪದ್ಧತಿಯೇ ಹಾಗಿತ್ತು.

ಆ ದನಿ ಒಂದು ಮಳೆಗಾಲ ಒಡೆದುಹೋಯಿತು. ಜ್ಯೇಷ್ಠಮಧು ಅಗಿದ, ಪಾರ್ಸಿಗಳ ಗುಡಿಯಾದ ಅಗಿಯಾರಿಯ ಬೆಂಕಿಗೆ ಗಂಧದ ಚಕ್ಕೆ ಒಪ್ಪಿಸಿದ. ಒಡೆದ ದನಿ ಯಾವುದಕ್ಕೂ ಜಗ್ಗಲಿಲ್ಲ. ಕಂಪನಿಯವರು ಹಕೀಮನ ಗಡ್ಡವನ್ನು ಇನ್ನೊಬ್ಬನಿಗೆ ಅಂಟಿಸಿದರು. ಅನ್ನಕ್ಕೆ ತೊಂದರೆಯಿರಲಿಲ್ಲ, ಆದರೆ ಜನರ ನಗು ಕೇಳದೆ ಎದಲ್‌ಜಿಗೆ ನಿದ್ದೆ ಹತ್ತುತ್ತಿರಲಿಲ್ಲ.

ಮೂಕಚಿತ್ರ ತೆಗೆಯುವ ತ್ರಿಭುವನದಾಸ ಕರೆ ಕಳಿಸಿದ್ದು ಆಗಲೇ.

"ಮಾಣೆಕ್, ಕೇಳಿದ್ಯಾ? ಅಲ್ಲಿ ದನಿಯೇ ಬೇಡ್ವಂತೆ ಕಣೇ!" ಗೊರಗೊರ ಎನ್ನುತ್ತಾ ಹೆಂಡತಿಗೆ ಹೇಳಿದ.

"ಮದುವೆ ಆದಾಗಿಂದ ನಿಮ್ಮ ಬಾಯಿ ಮುಚ್ಚಿಸೋಕೆ ನಂಗಾಗ್ಲಿಲ್ಲ. ಆ ಕ್ಯಾಮೆರಾ ಪೆಟ್ಟಿಗೆ ಕೈಲಾದ್ರೂ ಆಗುತ್ತಾ ನೋಡೋಣ" ಎಂದಳು ಮಾಣೆಕ್‌ಬಾಯಿ.

ದಾದರಿನ ಬಂಗಲೆಯೊಂದರ ಅಂಗಳ. ಉರಿಬಿಸಿಲು, ಬಟ್ಟೆಯ ಗೋಡೆ. ಕ್ಯಾಮೆರಾದ ಹಿಡಿ ತಿರುಗಿಸುವವನು ಬಾಯೊಳಗೇ ಎಣಿಸುತ್ತಿದ್ದ. ನಕ್ಕರೆ ಅವನ ಎಣಿಕೆ ತಪ್ಪುತ್ತದೆಂದು ಅಲ್ಲಿ ಯಾರೂ ನಗುವಂತಿರಲಿಲ್ಲ. ಎದಲ್‌ಜಿ ಮುರುಕು ಕುರ್ಚಿಯಲ್ಲಿ ಕೂತ, ದೊಪ್ಪನೆ ಬಿದ್ದ, ಎದ್ದ. ಎದ್ದವನು ಕ್ಯಾಮೆರಾದ ಕಡೆ ಮುಖಮಾಡಿ ಸುಮ್ಮನೆ ನಿಂತುಬಿಟ್ಟ.

"ಕಾಕಾ, ಮುಂದಕ್ಕೆ ನಡೀರಿ! ಫಿಲ್ಮು ಓಡ್ತಿದೆ!" ತ್ರಿಭುವನದಾಸ ಅರಚಿದ.

"ತಡಿಯೋ ಡಿಕ್ರಾ, ತಡಿಯೋ ಮಗಾ, ನಗು ಬಂದು ಇಳೀಲಿ. ಅದರ ಮೇಲೇ ಮಾತು ಹಾಕೋಕಾಗುತ್ತಾ?"

"ಮಾತೇ ಇಲ್ವಲ್ಲ ಕಾಕಾ!"

"ಮಾತಿಲ್ಲ ಅಂದ್ರೆ ನಗೂನೂ ಬೇಡ್ವೇನೋ?"

ಅಷ್ಟರಲ್ಲಿ ಕಾಂಪೌಂಡಿನ ಗೋಡೆ ಹತ್ತಿ ಕೂತಿದ್ದ ಗಿರಣಿಯ ಕೂಲಿಗಳು ಗೊಳ್ಳೆಂದರು. "ವನ್ಸ್‌ಮೋರ್!" ಎಂದ ಒಬ್ಬ. ಸಾಕಾಯಿತು. ಎದಲ್‌ಜಿ ಗೋಡೆಯತ್ತ ತಿರುಗಿ ಸಲಾಮು ಹೊಡೆದು, ಕುರ್ಚಿ ನೆಟ್ಟಗಿಟ್ಟು, ಮೊದಲಿನಿಂದ ಎಲ್ಲವನ್ನೂ ಮತ್ತೆ ಆಡಿದ. ಅವರು ಮತ್ತೆ ಕೂಗಿದರು. ಇವನು ಮತ್ತೆ ಬಿದ್ದ. ಫಿಲ್ಮು ಮುಗಿಯಿತು. ಬೇರೆ ಫಿಲ್ಮು ಬರಬೇಕಾದರೆ ವಿಲಾಯತಿಯಿಂದ ಹಡಗೇ ಬರಬೇಕು. ತ್ರಿಭುವನದಾಸ ತಲೆಮೇಲೆ ಕೈಹೊತ್ತು ಕೂತ.

ಚಿತ್ರ ಸಿನಿಮಾ ಡೇರೆಗೆ ಬಂದಾಗ ಎದಲ್‌ಜಿ ಇಸ್ತ್ರಿ ಮಾಡಿದ ಬಿಳಿ ಡಗಲಿ ಕೋಟು ತೊಟ್ಟು, ಮಾಣೆಕ್‌ಬಾಯಿಯೊಂದಿಗೆ ಹೋಗಿ ಬೆಂಚಿನ ಮೇಲೆ ಕೂತ. ಪರದೆಯ ಮೇಲೆ ಕುರ್ಚಿ ಬಂತು, ಅವನು ಬಿದ್ದ. ಏಳುವ ಮೊದಲೇ ಮಿಕ್ಕ ಫಿಲ್ಮನ್ನು ಕತ್ತರಿಸಿ ಎಸೆದಿದ್ದರು. ಮುಂದಿನ ದೃಶ್ಯ ಬಂದು ರಾಣಿಯೊಬ್ಬಳು ಹೂ ಕೊಯ್ಯತೊಡಗಿದಳು.

ಡೇರೆ ನಕ್ಕಿತು. ಜೋರಾಗಿಯೇ ನಕ್ಕಿತು. "ವನ್ಸ್‌ಮೋರ್! ವನ್ಸ್‌ಮೋರ್!"

ಎದಲ್‌ಜಿ ಎದ್ದು ನಿಂತ. ಪರದೆಯಲ್ಲಿ ರಾಣಿ ಹೂ ಕೊಯ್ಯುತ್ತಲೇ ಇದ್ದಳು.

"ಕೂತ್ಕೊಳ್ಳೋ ಮುದುಕಾ, ಏನೂ ಕಾಣಿಸ್ತಿಲ್ಲ!" ಎಂದರು ಹಿಂದಿನವರು.

ಮಾಣೆಕ್‌ಬಾಯಿ ಅವನ ತೋಳು ಹಿಡಿದು ಕೂರಿಸಿದಳು.

ಆಮೇಲೆ ಅವನನ್ನು ನಾಟಕದವರೂ ಕರೆಯಲಿಲ್ಲ, ಫಿಲ್ಮಿನವರೂ ಕರೆಯಲಿಲ್ಲ. ಸಾಯುವವರೆಗೂ ಮಧ್ಯಾಹ್ನವೆಲ್ಲ ನನ್ನ ಬಟ್ಟೆ ಅಂಗಡಿಯ ಕಟ್ಟೆಯಲ್ಲಿ ಕೂರುತ್ತಿದ್ದ. ಬೆಲೆ ಹೇಳಿದ ಮೇಲೆ ಬಾಯಿ ಮುಚ್ಚಿಕೊಂಡು ಗಿರಾಕಿಯ ಮುಖ ನೋಡುತ್ತಾ ಕಾಯುವುದನ್ನು ನನಗೆ ಕಲಿಸಿದವನು ಅವನೇ. ಈ ಅಂಗಡಿ ನಿಂತಿರುವುದು ಅದರಿಂದ.