ನನ್ನ ಲೈಸೆನ್ಸು, ಅವರ ಕಾರು

ನನ್ನ ಗಂಡನಿಗೆ ಕಾರು ಓಡಿಸಲು ಬರುತ್ತಿರಲಿಲ್ಲ. ಕಾರು ಇತ್ತು, ತಲೆಯ ಮೇಲೆ ಕರಿ ಟೋಪಿ ಇತ್ತು, ಕೋಟಿನ ಜೇಬಿನಲ್ಲಿ ಎಲ್ಲರಿಗೂ ಕೇಳುವಂತೆ ಕುಲುಕುವ ಕೀಲಿ ಇತ್ತು. ಓಡಿಸುವುದೊಂದು ಬರುತ್ತಿರಲಿಲ್ಲ. ಈ ಗುಟ್ಟು ಗೊತ್ತಿದ್ದದ್ದು ನನಗೆ, ಕಲಿಸಲು ಬಂದವನಿಗೆ, ಮತ್ತೆ ಮತ್ತೆ ಅವರನ್ನು ನಪಾಸು ಮಾಡಿದ ಇನ್‌ಸ್ಪೆಕ್ಟರಿಗೆ.

ಐವತ್ತರ ದಶಕದ ಮಾತು. ನಾವು ಧಾರವಾಡದ ಕಡೆಯವರು. ಅವರದು ಬಟ್ಟೆಯ ವ್ಯಾಪಾರ, ಮನೆ ಸಯನ್‌ನಲ್ಲಿ. ನಮ್ಮ ಬಿಲ್ಡಿಂಗಿಗೆಲ್ಲ ಮೊದಲ ಕಾರು ತಂದ ಜಂಬ ಅವರದು. ಕಲಿಸಲು ಒಬ್ಬ ಮುದುಕ ಉಸ್ತಾದನನ್ನು ಗೊತ್ತು ಮಾಡಿದರು. ಆತನಿಗೆ ಸೇಠ್‌ಜಿಯ ಮಾನ ಮರ್ಯಾದೆಯ ಪರಿವೆ ಇರಲಿಲ್ಲ. "ಅರೆ ಸೇಠ್, ಹಾಥ್ ಕಿಧರ್ ಹೈ ಆಪ್‌ಕಾ?" ಎಂದು, ಕೈ ಎಲ್ಲಿದೆ ಅಂತ ನಡುರಸ್ತೆಯಲ್ಲಿ ಕೂಗುತ್ತಿದ್ದ. ಪಾನ್ ಅಂಗಡಿಯ ಮುಂದೆ ನಿಂತವರು ನಗುತ್ತಿದ್ದರು. ಹಿಂದಿನ ಸೀಟಿನಲ್ಲಿ ಕೂತು ನಾನೂ ಸೆರಗು ಬಾಯಿಗೆ ಒತ್ತಿಕೊಳ್ಳುತ್ತಿದ್ದೆ.

ಒಂದು ವಾರಕ್ಕೆ ಉಸ್ತಾದನ ಸಹವಾಸ ಸಾಕಾಯಿತು. ಆದರೆ ಕಲಿಯುವವರ ಪಕ್ಕದಲ್ಲಿ ಲೈಸೆನ್ಸ್ ಇದ್ದವರೊಬ್ಬರು ಕೂಡಲೇಬೇಕೆಂಬುದು ಕಾನೂನು. ಅವರಿಗೆ ಬೇಕಾಗಿದ್ದುದು ಪಕ್ಕದಲ್ಲಿ ಕೂತೂ ಬಾಯಿ ತೆರೆಯದ ಜೀವ. ಅಂಥದೊಂದು ಮನೆಯಲ್ಲೇ ರೊಟ್ಟಿ ಬಡಿಯುತ್ತಿದೆ ಎಂಬುದು ಅವರಿಗೆ ಹೊಳೆಯಿತು.

"ನೀ ಲೈಸೆನ್ಸ್ ತಗೋ," ಅಂದರು. "ಓಡಸಾಕಲ್ಲ ಮತ್ತ. ನನ್ನ ಬಾಜೂಕ ಕುಂಡ್ರಾಕ."

ಹಾಗೆ ಅದೇ ಉಸ್ತಾದ ನನಗೆ ಕಲಿಸಿದ. ಸೆರಗು ಸೊಂಟಕ್ಕೆ ಸಿಗಿಸಿ ಮೊದಲ ದಿನ ಸ್ಟಿಯರಿಂಗ್ ಹಿಡಿದಾಗ ಆದ ಸಂತೋಷ ನನಗೆ ಮದುವೆಯಲ್ಲಿ ಕೂಡ ಆಗಿರಲಿಲ್ಲ. ತಿಂಗಳೊಳಗೆ ಪರೀಕ್ಷೆಗೆ ನಿಂತೆ. ದೂರದ ಕಾರಿನ ನಂಬರು ಓದಿದೆ, ಗಾಡಿ ತಿರುಗಿಸಿದೆ, ಹಿಂದಕ್ಕೆ ತಂದು ನಿಲ್ಲಿಸಿದೆ. ಇನ್‌ಸ್ಪೆಕ್ಟರು ಕಾಗದಕ್ಕೆ ಸಹಿ ಹಾಕುತ್ತ, "ಬಾಯಿ, ಗಾಡಿ ಆಪ್ ಚಲಾಯೇಗಿ?" ಎಂದು, ಗಾಡಿ ನಾನೇ ಓಡಿಸುತ್ತೇನೋ ಅಂತ ಕೇಳಿ ನಕ್ಕರು. ನಾನು ಉತ್ತರ ಕೊಡುವ ಮೊದಲೇ ನನ್ನ ಗಂಡ, "ನಹೀ ನಹೀ, ಸಿರ್ಫ್ ಬೈಠೇಗಿ," ಅಂದರು, ಬರೀ ಕೂಡುತ್ತಾಳೆ ಅಂತ.

ಕೂತೆ. ಮುಂದಿನ ಎರಡು ವರ್ಷ ಪ್ರತಿ ಭಾನುವಾರ ಕೂತೆ. ದಹಿಸರ್‌ನಲ್ಲಿ ಅವರ ಗಿರಾಕಿಯೊಬ್ಬನ ಅಂಗಡಿ ಇತ್ತು, ಅಲ್ಲಿಯವರೆಗೆ ಸವಾರಿ. ಅಂಧೇರಿ ದಾಟಿದ ಮೇಲೆ ರಸ್ತೆ ಖಾಲಿ, ಅಲ್ಲಿ ಎತ್ತಿನ ಗಾಡಿಗಳಿಗೂ ಹಾರ್ನ್ ಹೊಡೆದು ದೊಡ್ಡಸ್ತಿಕೆ ತೋರಿಸುತ್ತಿದ್ದರು. ಅಂಗಡಿ ಇನ್ನೂ ಒಂದು ತಿರುವು ದೂರ ಇರುವಾಗ ಕಾರು ನಿಲ್ಲಿಸಿ, ನಮ್ಮ ಬಿಲ್ಡಿಂಗು ಮರೆಯಾದ ಮೇಲಷ್ಟೇ ಕಟ್ಟಿದ್ದ, ಕಲಿಯುವವರು ಹಾಕುವ ಕೆಂಪು ಅಕ್ಷರದ ಹಲಗೆಯನ್ನು ಬಿಚ್ಚಿ ಸೀಟಿನ ಕೆಳಗೆ ತಳ್ಳುತ್ತಿದ್ದರು. ಗಿರಾಕಿಯ ಮುಂದೆ, "ಅಕಿಗೆ ಗಾಳಿ ಹತ್ತಲಿ ಅಂತ ಕರಕೊಂಡ ಬಂದೇನಿ," ಅನ್ನುತ್ತಿದ್ದರು. ನಾನು ಕೆಳಗೆ ನೋಡುತ್ತಿದ್ದೆ. ನಾಚಿಕೆ ಅಂತ ಗಿರಾಕಿ ತಿಳಿದಿರಬೇಕು. ನನಗೆ ಬರುತ್ತಿದ್ದದ್ದು ಹೇಸಿಗೆ.

ಅವರ ತಪ್ಪು ಒಂದೇ ಒಂದು. ಆಗೆಲ್ಲ ತಿರುಗುವ ಮುಂಚೆ ಬಲಗೈಯನ್ನು ಕಿಟಕಿಯ ಹೊರಗೆ ಚಾಚಿ ಹಿಂದಿನವರಿಗೆ ತೋರಿಸಬೇಕಿತ್ತು. ಇವರು ಬಲಗೈ ಹೊರಗೆ ಚಾಚಿ, ಅದೇ ಹೊತ್ತಿಗೆ ಎಡಗೈಯಿಂದ ಗೇರ್ ಬದಲಿಸುತ್ತಿದ್ದರು. ಸ್ಟಿಯರಿಂಗ್ ಹಿಡಿಯಲು ಮೂರನೆಯ ಕೈಯನ್ನು ದೇವರು ಕೊಟ್ಟಿರಲಿಲ್ಲ. ಕಾರು ಸೊಟ್ಟಗೆ ಹೊರಟಾಗ ನಾನು ಪಕ್ಕದಿಂದ ಕೈ ನೀಡಿ ತಿರುಗಿಸುತ್ತಿದ್ದೆ. ಅದನ್ನು ಅವರು ಗಮನಿಸಿದ್ದರೋ ಇಲ್ಲವೋ, ಗಮನಿಸದಂತೆ ಇರುವುದಂತೂ ಅವರಿಗೆ ಚೆನ್ನಾಗಿ ಬರುತ್ತಿತ್ತು. ಪರೀಕ್ಷೆಯಲ್ಲಿ ನನ್ನ ಜಾಗದಲ್ಲಿ ಇನ್‌ಸ್ಪೆಕ್ಟರು ಕೂಡುತ್ತಿದ್ದರು. ಅವರು ಕೈ ನೀಡುತ್ತಿರಲಿಲ್ಲ.

"ಲಂಚ ಬೇಕಾಗೇತಿ ಅವಗ," ಎಂದು ಪ್ರತಿ ಸಲ ಮನೆಗೆ ಬಂದು ಬುಸುಗುಡುತ್ತಿದ್ದರು.

"ಹೌದ್ರಿ ಮತ್ತ," ಅನ್ನುತ್ತಿದ್ದೆ.

ತಪ್ಪು ಎಲ್ಲಿದೆ ಎಂದು ಹೇಳಬಹುದಿತ್ತು. ಹೇಳಲಿಲ್ಲ. ಅವರು ನಪಾಸಾಗುವವರೆಗೆ ನನ್ನ ಲೈಸೆನ್ಸಿಗೆ ಬೆಲೆ ಇತ್ತು. ವರ್ಷ ತುಂಬಿದಾಗ ಅದನ್ನು ನವೀಕರಿಸಲು ಸ್ವತಃ ಅವರೇ ಸಾಲಿನಲ್ಲಿ ನಿಂತಿದ್ದರು. ತಿರುವು ಬಂದಾಗಲೆಲ್ಲ ಒಂದು ಗಳಿಗೆ ಕಾರು ನನ್ನದಾಗುತ್ತಿತ್ತು. ಸಯನ್‌ನಿಂದ ದಹಿಸರ್‌ವರೆಗೆ ಎಷ್ಟು ತಿರುವುಗಳಿದ್ದವೋ ಅಷ್ಟೇ ನನ್ನ ಭಾನುವಾರ.

ಮೂರನೆಯ ಸಲ ನಪಾಸಾದ ದಿನ ಅವರು ಬೈಯಲಿಲ್ಲ. ಟೋಪಿ ಕೂಡ ತೆಗೆಯದೆ ತಾಟಿನ ಮುಂದೆ ಕೂತರು. ರೊಟ್ಟಿ ಮುರಿದರು, ತಿನ್ನಲಿಲ್ಲ.

"ನನಗ ಬರೂದಿಲ್ಲ ಬಿಡ," ಅಂದರು. "ಕಾರ ಮಾರಿಬಿಡತೇನಿ."

ಕರುಣೆ ಬಂತೋ, ಕಾರು ಹೋದರೆ ನನ್ನ ತಿರುವುಗಳೂ ಹೋಗುತ್ತವೆ ಎಂಬ ಹೆದರಿಕೆಯೋ, ಇವತ್ತಿಗೂ ನನಗೆ ಸರಿಯಾಗಿ ಗೊತ್ತಿಲ್ಲ. "ಗೇರ್ ಮೊದಲ ಹಾಕ್ರಿ," ಅಂದೆ. "ಆಮ್ಯಾಲ ಕೈ ಹೊರಗ ತಗೀರಿ. ಎರಡೂ ಕೂಡೇ ಮಾಡಬ್ಯಾಡ್ರಿ."

ಅವರು ಮುರಿದಿಟ್ಟ ರೊಟ್ಟಿಯನ್ನು ಬಾಯಿಗಿಟ್ಟರು. ಯಾವಾಗಿನಿಂದ ಗೊತ್ತಿತ್ತು ಎಂದು ಕೇಳಲಿಲ್ಲ.

ಮುಂದಿನ ಪರೀಕ್ಷೆಯಲ್ಲಿ ಪಾಸಾದರು. ಬಿಲ್ಡಿಂಗಿಗೆಲ್ಲ ಪೇಢೆ ಹಂಚಿದರು. ತಮಗೆ ಅದಾಗಲೇ ಲೈಸೆನ್ಸ್ ಇದೆ ಎಂದು ಎಲ್ಲರನ್ನೂ ನಂಬಿಸಿದ್ದರಿಂದ ಪೇಢೆ ಯಾಕೆಂದು ಹೇಳಲಾಗದೆ ತೊದಲಿದರು. ನನಗೆ ಆ ವಾರದಲ್ಲಿ ಸಿಕ್ಕ ಸುಖ ಅದೊಂದೇ. ಭಾನುವಾರ ಸೀರೆ ಉಟ್ಟು ಕೆಳಗಿಳಿದರೆ ಮುಂದಿನ ಸೀಟಿನಲ್ಲಿ ಅವರ ಗೆಳೆಯ ಕೂತಿದ್ದ. ನಾನು ಬರುವುದು ಬೇಕಾಗಿಲ್ಲವೆಂದು ಯಾರೂ ಹೇಳಲಿಲ್ಲ, ಕಾರು ಹೊರಟಿತು.

ಆ ವರ್ಷ ನನ್ನ ಲೈಸೆನ್ಸಿನ ಅವಧಿ ಮುಗಿಯಲು ಬಂದಾಗ ನೆನಪಿಸಿದೆ. ಅವರು ಪೇಪರಿನಿಂದ ತಲೆ ಎತ್ತಲಿಲ್ಲ.

"ನಿಂದ ಇನ್ಯಾಕ? ನನಗ ಸಿಕ್ಕೈತಲ್ಲ."

ಲೈಸೆನ್ಸ್ ಕೊಡುವ ಕಚೇರಿ ನಾನು ಕಾಣದ ಜಾಗವೇನಲ್ಲ. ಊಟದ ಡಬ್ಬಿ ಕಳಿಸಿದ ಮೇಲೆ ಲೋಕಲ್ ರೈಲು ಹಿಡಿದಿದ್ದರೆ ಸಂಜೆಯ ಚಹಾದೊಳಗೆ ಹೋಗಿ ಬರಬಹುದಿತ್ತು. ಇನ್ನೂ ಹದಿನೈದು ದಿನ ಉಳಿದಿದ್ದವು. ಹದಿನೈದು ದಿನವೂ ಮನಸ್ಸಿನಲ್ಲಿ ಅವರನ್ನು ಹೇಡಿ, ಸೋಗಲಾಡಿ, ಉಪಕಾರ ಕಾಣದವನು ಎಂದು ಬೈಯುತ್ತ ಮನೆಯಲ್ಲೇ ಇದ್ದೆ. ಅವರು ನನ್ನನ್ನು ತಡೆದಿರಲಿಲ್ಲ. ನಾನೇ ಹೋಗಲಿಲ್ಲ.