ನಗುವಿಗೆ ಬಿಟ್ಟ ಜಾಗ

ನಾನು ಮಿಮಿಕ್ರಿ ಮಾಡುವವನು. ಸಾವಿನ ಮನೆಯಲ್ಲೂ ಪುರೋಹಿತರ ಕೆಮ್ಮನ್ನು ಮನಸ್ಸಿನಲ್ಲೇ ರಿಹರ್ಸಲ್ ಮಾಡಿಕೊಳ್ಳುವಷ್ಟು ಕೆಟ್ಟ ಚಾಳಿ. ನಾನು ಅತಿ ಹೆಚ್ಚು ಅಣಕಿಸಿದ್ದು ನನ್ನನ್ನು ನಾಟಕಕ್ಕೆ ಸೇರಿಸಿಕೊಂಡ ಸಾರ್ ಅವರನ್ನೇ. ಜಾಲಹಳ್ಳಿಯ ಕಾರ್ಖಾನೆಯೊಂದರಿಂದ ನಿವೃತ್ತರಾಗಿ, ಅಲ್ಲಿನ ಕ್ವಾರ್ಟರ್ಸಿನ ತಂಡಕ್ಕೆ ನಾಟಕ ಆಡಿಸುತ್ತಿದ್ದರು. ಜೀವನದಲ್ಲಿ ಬರೆದದ್ದು ಒಂದೇ ನಾಟಕ. ಯುದ್ಧದ ಕಾಲ, ಸೈರನ್ ಕೂಗಿ ಊರೆಲ್ಲ ದೀಪ ಆರಿಸಿದೆ. ರಜೆಗೆ ಬಂದ ಸೈನಿಕನೊಬ್ಬ ಕತ್ತಲಲ್ಲಿ ಬೇರೆಯವರ ಮನೆ ಹೊಕ್ಕು, ಮುಖವನ್ನೇ ನೋಡದ ಹುಡುಗಿಗೆ ಮನಸೋಲುತ್ತಾನೆ. ಅವಳಪ್ಪ ಬಾಗಿಲು ತಟ್ಟಿದರೆ ಅವಳಜ್ಜಿಯ ದನಿಯಲ್ಲಿ ಉತ್ತರ ಕೊಡುತ್ತಾನೆ. ಆ ಸೈನಿಕ ನಾನು. ನನ್ನ ಎದೆಯ ಅಳತೆ ನೋಡಿದ್ದರೆ ನಿಜವಾದ ಸೈನ್ಯದವರು ಗೇಟಿನಲ್ಲೇ ವಾಪಸ್ ಕಳಿಸುತ್ತಿದ್ದರು, ಆ ಮಾತು ಬೇರೆ.

ಕ್ವಾರ್ಟರ್ಸಿನ ಸಭಾಂಗಣದಲ್ಲಿ ಜನ ಬಿದ್ದು ಬಿದ್ದು ನಗುತ್ತಿದ್ದರು. ಸಾರ್ ರಂಗದ ಪಕ್ಕದಲ್ಲಿ ಮರೆಯಾಗಿ ನಿಂತು ಆ ನಗುವನ್ನು ಎಣಿಸುತ್ತಿದ್ದರು. ಸ್ಕ್ರಿಪ್ಟಿನ ಅಂಚಿನಲ್ಲಿ ಪೆನ್ಸಿಲಿನಲ್ಲಿ ಬರೆದಿರುತ್ತಿತ್ತು: ‘ನಗು, ನಾಲ್ಕು ಎಣಿಕೆ.’ ಅಷ್ಟು ಹೊತ್ತು ರಂಗದ ಮೇಲೆ ಯಾರೂ ಬಾಯಿ ಬಿಡುವಂತಿಲ್ಲ. ಅವರು ಒಂದೊಂದೇ ಬೆರಳು ಎತ್ತುವರು. ನಾಲ್ಕನೆಯದು ಎದ್ದ ಮೇಲೆ ಮುಂದಿನ ಮಾತು.

ಟಿ. ದಾಸರಹಳ್ಳಿ ಕಡೆಗೆ ಮೆಟ್ರೋ ಬಂದ ಹೊಸದರಲ್ಲಿ ಆ ನಾಟಕ ಸಿನಿಮಾ ಆಯಿತು. ಸಾರ್ ಅವರೇ ನಿರ್ದೇಶಕರು. ಕ್ಯಾಮೆರಾ ಪಕ್ಕದಲ್ಲೂ ಅದೇ ಬೆರಳು. ಒಂದು ಜೋಕು ಹೇಳಿ ನಾನು ಹುಬ್ಬೇರಿಸಿ ನಿಲ್ಲಬೇಕು, ನಾಲ್ಕೂ ಏಳುವವರೆಗೆ.

ಎಡಿಟರ್ ನನ್ನ ವಯಸ್ಸಿನವನು. “ಸಾರ್, ಈ ಗ್ಯಾಪ್‌ಗಳನ್ನ ಕಟ್ ಮಾಡ್ಲಾ? ಎಲ್ಲಾ ಸುಮ್ನೆ ನಿಂತಿದಾರೆ” ಎಂದ.

“ಸುಮ್ನೆ ಅಲ್ಲಪ್ಪ. ಜನ ನಗ್ತಿರೋವಾಗ ಮಾತಾಡಿದ್ರೆ ನಗೋರಿಗೆ ಅವಮಾನ.”

ಟೀಗೆಂದು ಹೊರಗೆ ಬಂದಾಗ ಎಡಿಟರ್ ನನ್ನ ಹೆಗಲು ಹಿಡಿದ. “ಮಗಾ, ನೀನ್ ಹೇಳಿದ್ರೆ ಕೇಳ್ತಾರೆ. ಥಿಯೇಟರಲ್ಲಿ ಯಾರೂ ನಗ್ಲಿಲ್ಲ ಅಂದ್ರೆ ಅಷ್ಟ್ ಹೊತ್ತೂ ನಿನ್ ಮೂತಿ ನೋಡ್ಕೊಂಡ್ ಕೂತಿರ್ಬೇಕು ಕಣೋ.”

“ನನ್ ಮೂತಿಗೇನಾಗಿದೆ ಗುರು?” ಎಂದೆ.

ಅವನು ಹೇಳಿದ್ದು ಸರಿ ಎಂದು ನನಗೆ ಗೊತ್ತಿತ್ತು. ಆದರೆ ಆ ಒಂದೊಂದು ಗ್ಯಾಪಿನಲ್ಲೂ ಪರದೆಯ ತುಂಬ ನನ್ನ ಮುಖ. ಸಾರ್‌ಗೆ ಅದನ್ನು ಹೇಳಲಿಲ್ಲ. ಬದಲಿಗೆ ಅವತ್ತು ಸಂಜೆ ಸಾರ್ ಮುಂದೆ ಎಡಿಟರನ್ನೇ ಅಣಕಿಸಿ ತೋರಿಸಿದೆ. ಅವರು ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ಗ್ಯಾಪುಗಳು ಉಳಿದವು.

ಸಿನಿಮಾಗೆ ಸಿಕ್ಕಿದ್ದು ಯಶವಂತಪುರದ ಒಂದೇ ಒಂದು ಥಿಯೇಟರ್. “ಶನಿವಾರದ ಮ್ಯಾಟಿನಿಗೆ ಜನ ಬಂದ್ರೆ ಮುಂದಿನ ವಾರಾನೂ ಇಡ್ತೀವಿ” ಎಂದಿದ್ದರು ಮ್ಯಾನೇಜರ್. ಆ ಇನ್ನೊಂದು ವಾರ ಸಾರ್‌ಗೆ ಬೇಕೇ ಬೇಕಿತ್ತು. ಕ್ವಾರ್ಟರ್ಸಿನವರು ಬರೀ ಪರಿಚಯಕ್ಕೆ ನಕ್ಕಿರಬಹುದೆಂಬ ಅನುಮಾನ ಅವರಿಗೆ ಮೊದಲಿಂದಲೂ ಇತ್ತು. ಗುರುತಿಲ್ಲದವರು ನಗುವುದನ್ನು ಒಮ್ಮೆ ಕೇಳಬೇಕು, ಅಷ್ಟೇ ಆಸೆ.

ಶನಿವಾರ ಒಳಗೆ ಹನ್ನೊಂದು ಜನ, ನಮ್ಮಿಬ್ಬರನ್ನೂ ಸೇರಿಸಿ. ಸಾರ್ ಇಸ್ತ್ರಿ ಮಾಡಿದ ಬಿಳಿ ಶರ್ಟು ಹಾಕಿದ್ದರು. ಮೊದಲ ಜೋಕು ಬಂತು. ಪರದೆಯ ಮೇಲೆ ನಾನು ಹುಬ್ಬೇರಿಸಿ ನಿಂತೆ. ಫ್ಯಾನಿನ ಸದ್ದು ಬಿಟ್ಟರೆ ಏನೂ ಇಲ್ಲ. ಸ್ಟಾಪಿನಲ್ಲಿ ನಿಲ್ಲಿಸದೆ ಹೋದ ಬಸ್ಸನ್ನು ನೋಡುವವನ ಹಾಗಿತ್ತು ನನ್ನ ಮೂತಿ. ಎರಡನೆಯದಕ್ಕೂ ಅಷ್ಟೇ. ಮೂರನೆಯದಕ್ಕೆ ತಡೆಯಲಾಗದೆ ನಾನೇ ನಕ್ಕೆ. ಮೊದಲು ಕ್ವಾರ್ಟರ್ಸಿನ ದಪ್ಪ ಕ್ಯಾಷಿಯರ್ ನಗುವನ್ನು ಅಣಕಿಸಿದೆ, ಹಿಂದೆಯೇ ಅಲ್ಲಿನ ಒಬ್ಬ ಆಂಟಿಯ ಕುಕ್ಕರ್ ಕೂಗಿದಂಥ ನಗುವನ್ನು.

ಮುಂದಿನ ಸೀಟಿನವನು ತಿರುಗಿದ. “ಯಾಕ್ ಗುರು, ನಿಂಗೊಬ್ಬನಿಗೇ ಬೇರೆ ಪಿಕ್ಚರ್ ತೋರಿಸ್ತಾ ಇದಾರಾ?”

ಅದಕ್ಕೆ ಎಲ್ಲರೂ ನಕ್ಕರು. ಗುರುತಿಲ್ಲದವರ ನಗು. ಸಾರ್ ಕೈ ತಾನಾಗಿಯೇ ಮೇಲೆದ್ದಿತು. ಎರಡು ಬೆರಳಿಗೇ ನಗು ನಿಂತುಹೋಯಿತು.

ಅವರು ನನ್ನ ಕಿವಿಯ ಬಳಿ ಬಗ್ಗಿದರು. “ನೀನು ಆರು ಎಣಿಕೆ ನಕ್ಕೆ ಕಣೋ. ಆ ಹುಡುಗಿ ಮಾತು ಮುಳುಗೋಯ್ತು. ಇನ್ಮೇಲೆ ನಗ್ಬೇಡ.”

ಇಂಟರ್‌ವಲ್‌ನಲ್ಲಿ ಮ್ಯಾನೇಜರ್ ಬಂದು ನಮ್ಮ ಮುಂದೆ ನಿಂತರು. “ಬೇಜಾರ್ ಮಾಡ್ಕೋಬೇಡಿ ಸಾರ್. ನಾಳೆಯಿಂದ ತೆಲುಗು ಪಿಕ್ಚರ್ ಹಾಕ್ತಾ ಇದೀವಿ.”

“ಸರಿಯಪ್ಪ. ಇವತ್ತಿಂದು ಪೂರ್ತಿ ಓಡಿಸ್ತೀರಿ ತಾನೆ?”

“ಓಡಿಸ್ತೀವಿ ಸಾರ್, ಅದಕ್ಕೇನು.”

ಆಗಲಾದರೂ ಹೇಳಬೇಕಿತ್ತು, ಎಡಿಟರ್ ಅಂದ ಮಾತನ್ನು, ಪರದೆಯ ತುಂಬ ನನ್ನ ಮೂತಿ ಇರಲೆಂಬ ಆಸೆಯನ್ನು. “ಪಾಪ್‌ಕಾರ್ನ್ ತರ್ಲಾ ಸಾರ್?” ಎಂದೆ.

“ಬೇಡ, ಬಾ. ಶುರುವಾಯ್ತು.”

ಒಳಗೆ ಆರು ಜನ ಉಳಿದಿದ್ದರು. ಇನ್ನೂ ಇಪ್ಪತ್ತಾರು ನಗು ಬಾಕಿ ಇದ್ದವು. ಸ್ಕ್ರಿಪ್ಟ್ ನನಗೆ ಬಾಯಿಪಾಠ. ಸಾರ್ ಕೈ ತೊಡೆಯ ಮೇಲಿತ್ತು. ಒಂದೊಂದಕ್ಕೂ ಬೆರಳುಗಳು ಏಳುತ್ತಿದ್ದವು, ನಾಲ್ಕು ತುಂಬಿದ ಮೇಲೆ ಮಡಿಚಿಕೊಳ್ಳುತ್ತಿದ್ದವು. ಪರದೆಯ ಮೇಲೆ ನಾನು ಹುಬ್ಬೇರಿಸಿ ಕಾಯುತ್ತಿದ್ದೆ.